ಪರವಾಗಿಲ್ಲ ಡೇವಿಡ್

ನಮ್ಮ ಕಡೆ ‘ಪರವಾಗಿಲ್ಲ’ ಅನ್ನೋ ಮಾತಿಗೆ ಬಹಳ ಕೆಲಸ. ಹುಡುಗ ಓದಿನಲ್ಲಿ ಹ್ಯಾಗೆ? ಪರವಾಗಿಲ್ಲ. ಈ ಸಲ ಅಡಿಕೆ ಫಸಲು? ಪರವಾಗಿಲ್ಲ. ಮದುವೆ ಮನೆ ಊಟ? ಪರವಾಗಿಲ್ಲ ಮಾರಾಯ. ಹೊಗಳಿದ ಹಾಗೂ ಆಗಲ್ಲ, ಬೈದ ಹಾಗೂ ಆಗಲ್ಲ. ಕೇಳಿದವರು ಸಮಾಧಾನವಾಗಿ ಹೋಗ್ತಾರೆ, ಹೇಳಿಸಿಕೊಂಡವನಿಗೆ ಮಾತ್ರ ಒಳಗೊಳಗೇ ಉರಿಯುತ್ತದೆ. ನನ್ನ ಆಫೀಸಿನಲ್ಲೂ ವರ್ಷಕ್ಕೊಂದು ಸಲ ಅಪ್ರೈಸಲ್ ಅಂತ ಕೂರಿಸಿ ಇದನ್ನೇ ಇಂಗ್ಲಿಷಿನಲ್ಲಿ ಹೇಳಿ ಕಳಿಸ್ತಾರೆ. ಹೊರಗೆ ಬಂದು ಕಾಫಿ ಮಷೀನಿನ ಮುಂದೆ ನಿಂತಾಗ ಆ ಉರಿ ಏನು ಅಂತ ಗೊತ್ತಾಗುತ್ತದೆ.

ಈ ಮಾತನ್ನೇ ಹೆಸರಾಗಿ ಇಟ್ಟುಕೊಂಡ ಒಂದು ಮೂಕಿ ಚಿತ್ರ ಇದೆ. 1921ರದ್ದು, ಹೆಸರು ‘ಟಾಲಬಲ್ ಡೇವಿಡ್’. ‘ಟಾಲರಬಲ್’ ಅನ್ನೋ ಪದವನ್ನ ಅಮೆರಿಕದ ಗುಡ್ಡಗಾಡಿನ ಜನ ಬಾಯಲ್ಲಿ ಅಗಿದು ನುಂಗಿ ಹೇಳುವ ರೀತಿ ಅದು. ಕನ್ನಡಕ್ಕೆ ತರಬೇಕು ಅಂದರೆ ನಿಘಂಟು ಬೇಡ, ‘ಪರವಾಗಿಲ್ಲ ಡೇವಿಡ್’ ಅಂದರೆ ಮುಗೀತು. ಮನೆಯ ಕೊನೆಯ ಹುಡುಗ ಡೇವಿಡ್‌ಗೆ ತಾನು ಗಂಡಸಾದೆ ಅನ್ನಿಸಿಕೊಳ್ಳುವ ಆಸೆ. ಮನೆಯವರ ಪ್ರಕಾರ ಅವನಿನ್ನೂ ಪರವಾಗಿಲ್ಲ, ಅಷ್ಟೆ. ಆ ‘ಅಷ್ಟೆ’ಯಿಂದ ಅವನು ಹೊರಗೆ ಬರುವುದೇ ಕಥೆ.

ಹೆದರಿಕೆಯನ್ನು ಗೆದ್ದು ಮಾನ ಉಳಿಸಿಕೊಂಡವರ ಕಥೆ ಸಿನಿಮಾಗಳಿಗೆ ಹೊಸತಲ್ಲ. ನಾವೆಲ್ಲ ಅಂಥವನ್ನ ನೂರು ನೋಡಿದ್ದೇವೆ. ಇಂಟರ್ವೆಲ್ಲಿಗೆ ಮುಂಚೆ ಹೀರೋ ಹೊಡೆತ ತಿಂತಾನೆ, ಇಂಟರ್ವೆಲ್ ಆದ ಮೇಲೆ ಬಡ್ಡಿ ಸಮೇತ ವಾಪಸ್ ಕೊಡ್ತಾನೆ. ಹಾಗಿದ್ದೂ ನೂರು ವರ್ಷದ ಹಿಂದಿನ ಈ ಒಂದೂವರೆ ಗಂಟೆಯ ಚಿತ್ರ ನನ್ನನ್ನ ಯಾಕೆ ಬಿಡ್ತಾ ಇಲ್ಲ ಅಂತ ಯೋಚಿಸಿ ಬರೆಯುತ್ತಿದ್ದೇನೆ.

ಮೊದಲು ಯಾರು ಎತ್ತ ಅಂತ ಹೇಳಿಬಿಡ್ತೀನಿ. ಜೋಸೆಫ್ ಹರ್ಗಶೈಮರ್ ಅನ್ನೋ ಲೇಖಕನ ಸಣ್ಣಕಥೆ ಇದಕ್ಕೆ ಮೂಲ. ನಿರ್ದೇಶಕ ಹೆನ್ರಿ ಕಿಂಗ್. ಡೇವಿಡ್ ಆಗಿ ನಟಿಸಿದವನು ರಿಚರ್ಡ್ ಬಾರ್ತೆಲ್ಮೆಸ್, ಅದಾಗಲೇ ಗ್ರಿಫಿತ್‌ನ ‘ಬ್ರೋಕನ್ ಬ್ಲಾಸಮ್ಸ್’ ಮತ್ತು ‘ವೇ ಡೌನ್ ಈಸ್ಟ್’ನಿಂದ ಹೆಸರು ಮಾಡಿದ್ದವನು. ಕಥೆ ನಡೆಯೋದು ವೆಸ್ಟ್ ವರ್ಜೀನಿಯಾದ ಒಂದು ಕಣಿವೆಯಲ್ಲಿ. ಚಿತ್ರೀಕರಣ ಮಾಡಿದ್ದು ಪಕ್ಕದ ವರ್ಜೀನಿಯಾ ರಾಜ್ಯದ ಬ್ಲೂ ಗ್ರಾಸ್ ಅನ್ನೋ ಹಳ್ಳಿಯಲ್ಲಿ. ಸ್ಟುಡಿಯೋದಲ್ಲಿ ಬಟ್ಟೆಗೆ ಗುಡ್ಡ ಬರೆಸಿ ನಿಲ್ಲಿಸೋದು ಸುಲಭವಿದ್ದ ಕಾಲ ಅದು. ಆದರೆ ಕಿಂಗ್ ಹುಟ್ಟಿದ್ದೇ ವರ್ಜೀನಿಯಾದಲ್ಲಿ, ಹಾಗಾಗಿ ಯೂನಿಟ್ಟನ್ನೆಲ್ಲ ಎತ್ತಿಕೊಂಡು ತನ್ನ ಸೀಮೆಗೇ ಹೋದ. ಅದು ಪ್ರತಿ ಶಾಟ್‌ನಲ್ಲೂ ಕಾಣುತ್ತದೆ. ಮರದ ಗಳುಗಳನ್ನ ಅಡ್ಡಡ್ಡ ಪೇರಿಸಿದ ಬೇಲಿ, ಹೊಳೆ, ಧೂಳು ತುಂಬಿದ ಗಾಡಿದಾರಿ ಯಾವುದೂ ಚಂದ ಕಾಣಿಸಲಿ ಅಂತ ಇಟ್ಟದ್ದಲ್ಲ. ಆ ಬೇಲಿ ಹಾರಿ ಬೆಳೆದವನೇ ಅದನ್ನ ಹಾಗೆ ತೋರಿಸಬಲ್ಲ. ಹಳ್ಳಿಯಲ್ಲಿ ಬೆಳೆದವರಿಗೆ ಈ ವ್ಯತ್ಯಾಸ ತಕ್ಷಣ ಗೊತ್ತಾಗುತ್ತದೆ.

ಕಥೆ ಸರಳ. ಕಿನಿಮನ್ ಕುಟುಂಬ ಗೇಣಿ ಜಮೀನು ಮಾಡಿಕೊಂಡಿರುವ ರೈತರು. ಅಪ್ಪ, ಅಮ್ಮ, ದೊಡ್ಡ ಮಗ ಆಲನ್, ಅವನ ಹೆಂಡತಿ, ಒಂದು ಕೂಸು, ಕೊನೆಗೆ ಡೇವಿಡ್ ಮತ್ತು ಅವನ ನಾಯಿ. ಆಲನ್ ಸರ್ಕಾರದ ಟಪಾಲು ಸಾಗಿಸುವ ಕುದುರೆಗಾಡಿ ಹೊಡೀತಾನೆ. ಡೇವಿಡ್ ಕಣ್ಣಿಗೆ ಲೋಕದಲ್ಲಿ ಅದಕ್ಕಿಂತ ದೊಡ್ಡ ಕೆಲಸ ಇಲ್ಲ. ಪಕ್ಕದ ಮನೆಯಲ್ಲಿ ಎಸ್ತರ್ ಅಂತ ಹುಡುಗಿ, ತನ್ನ ಅಜ್ಜನ ಜೊತೆ ಇದ್ದಾಳೆ. ಇವನಿಗೆ ಅವಳ ಮೇಲೆ ಮನಸ್ಸು. ಒಂದು ದಿನ ಅವಳ ದೂರದ ನೆಂಟರು ಮೂವರು ಬರ್ತಾರೆ. ಹ್ಯಾಟ್‌ಬರ್ನ್ ಅಂತ ಮನೆತನ, ಪೊಲೀಸರಿಂದ ತಪ್ಪಿಸಿಕೊಂಡು ಓಡಿ ಬಂದ ಪುಂಡರು. ಬಂದವರೇ ಅಜ್ಜ ಮೊಮ್ಮಗಳನ್ನ ಹೆದರಿಸಿ ಆ ಮನೆಯಲ್ಲೇ ಬೇರು ಬಿಡ್ತಾರೆ. ಅವರಲ್ಲಿ ಲ್ಯೂಕ್ ಅನ್ನೋ ಆಳೆತ್ತರದ ಒರಟ ಡೇವಿಡ್‌ನ ನಾಯಿಯನ್ನ ಕೊಲ್ತಾನೆ. ಟಪಾಲು ಗಾಡಿಯ ಆಲನ್ ಮೇಲೆ ಕಲ್ಲು ಎತ್ತಿ ಹಾಕಿ ಅವನು ಜನ್ಮಕ್ಕೆ ಏಳದ ಹಾಗೆ ಮಾಡ್ತಾನೆ.

ಮಗನ ಸ್ಥಿತಿ ನೋಡಿದ ಅಪ್ಪ ಲೆಕ್ಕ ಚುಕ್ತಾ ಮಾಡಲು ಹೊರಟವನು ಹೊಸ್ತಿಲು ದಾಟುವ ಮುಂಚೆಯೇ ಎದೆ ಹಿಡಿದುಕೊಂಡು ಸತ್ತುಹೋಗ್ತಾನೆ. ಈಗ ಬಂದೂಕು ಡೇವಿಡ್ ಕೈಗೆ ಬರಬೇಕು. ಬರುತ್ತದೆ ಕೂಡ. ಅಷ್ಟರಲ್ಲಿ ಅಮ್ಮ ಬಂದು ಅವನ ಕಾಲು ಹಿಡೀತಾಳೆ.

ನನ್ನನ್ನ ಹಿಡಿದು ಕೂರಿಸಿದ್ದು ಈ ಜಾಗ. ಸಿನಿಮಾದ ಕೊನೆಯ ಹೊಡೆದಾಟ ಪ್ರಸಿದ್ಧ, ಅದರ ಬಗ್ಗೆ ಬೇಕಾದಷ್ಟು ಜನ ಬರೆದಿದ್ದಾರೆ. ನನಗೆ ಮಾತ್ರ ಚಿತ್ರ ಇರೋದೇ ಇಲ್ಲಿ. ಅಮ್ಮ ಹೇಳುವುದರಲ್ಲಿ ಸುಳ್ಳಿಲ್ಲ. ಗಂಡ ಸತ್ತ, ದೊಡ್ಡವನು ಹಾಸಿಗೆ ಹಿಡಿದ, ಸೊಸೆ ಇದ್ದಾಳೆ, ಕೂಸಿದೆ. ಇವನು ಹೋದರೆ ಇವನ ಹೆಣವೇ ವಾಪಸ್ ಬರೋದು. ಆಮೇಲೆ ಈ ಮನೆಗೆ ಯಾರು? ಡೇವಿಡ್ ನಿಲ್ತಾನೆ. ನಿಂತಿದ್ದಕ್ಕೆ ಕಾರಣ ಅಮ್ಮನೋ, ಒಳಗಿದ್ದ ಹೆದರಿಕೆಯೋ? ಅವನಿಗೇ ಗೊತ್ತಾಗಲ್ಲ. ನಮಗೂ ಗೊತ್ತಾಗಲ್ಲ. ಮುಂದೆ ಅವನನ್ನ ತಿನ್ನೋದು ಈ ಗೊತ್ತಾಗದಿರುವಿಕೆಯೇ.

ಮಾತಿನ ಸಿನಿಮಾ ಆಗಿದ್ದರೆ ಇಲ್ಲಿ ಎರಡು ಪುಟ ಡೈಲಾಗು ಇರ್ತಿತ್ತು. ‘ಅಮ್ಮಾ, ನನ್ನ ತಡೀಬೇಡ’ ಅಂತ ಮಗ, ‘ನನ್ನ ಹೆಣದ ಮೇಲೆ ಹೋಗು’ ಅಂತ ತಾಯಿ. ಡೈಲಾಗು ಬಂದ ಕೂಡಲೇ ಕಾರಣ ಸ್ಪಷ್ಟವಾಗಿಬಿಡುತ್ತದೆ. ತಾಯಿಗೋಸ್ಕರ ನಿಂತ, ಪಾಪ, ಅಂತ ನಾವು ಅವನನ್ನ ಕ್ಷಮಿಸಿಬಿಡ್ತೀವಿ. ಮೂಕಿ ಚಿತ್ರ ನಮಗೆ ಆ ಸೌಲಭ್ಯ ಕೊಡಲ್ಲ. ಬಾರ್ತೆಲ್ಮೆಸ್‌ಗೆ ಆಗ ಸುಮಾರು 26 ವರ್ಷ, ಆಡುತ್ತಿದ್ದದ್ದು ಮೀಸೆ ಮೂಡದ ಹುಡುಗನ ಪಾತ್ರ. ಆ ಕಾಲದ ಅನೇಕ ನಟರ ಹಾಗೆ ಅವನು ಕೈ ಬೀಸಲ್ಲ, ಕಣ್ಣು ಹೊರಳಿಸಲ್ಲ. ಮುಖದ ಒಳಗೆ ಏನೋ ಸೋರಿಹೋಗುತ್ತಾ ಇರೋದು ಕಾಣುತ್ತದೆ, ಅಷ್ಟೆ. ಹಿನ್ನೆಲೆ ಸಂಗೀತ ಆಮೇಲೆ ಯಾರೋ ಸೇರಿಸಿದ್ದು ತಾನೆ ಅಂತ ಎರಡನೇ ಸಲ ನೋಡುವಾಗ ನಾನು ಸೌಂಡ್ ಪೂರ್ತಿ ಆಫ್ ಮಾಡಿದೆ. ಫ್ಯಾನಿನ ಸದ್ದು ಬಿಟ್ಟರೆ ಏನೂ ಇಲ್ಲ. ಆಗ ಆ ಮುಖ ನೋಡೋಕೆ ನಿಜಕ್ಕೂ ಕಷ್ಟವಾಯ್ತು.

ಹೆದರಿಕೆಗೂ ಮೌನಕ್ಕೂ ಇರುವ ನೆಂಟಸ್ತಿಕೆ ಬೇರೆಯವರಿಗೂ ಹೊಳೆದಿದೆ. 1959ರಲ್ಲಿ ವಿಲಿಯಂ ಕ್ಯಾಸಲ್ ‘ದಿ ಟಿಂಗ್ಲರ್’ ಅಂತ ಒಂದು ಹಾರರ್ ಸಿನಿಮಾ ಮಾಡಿದ. ಹೆದರಿದಾಗ ಮನುಷ್ಯನ ಬೆನ್ನುಹುರಿಯಲ್ಲಿ ಒಂದು ಜಂತು ಬೆಳೆಯುತ್ತೆ, ಕಿರುಚಿದರೆ ಮಾತ್ರ ಅದರ ಶಕ್ತಿ ಇಳಿಯುತ್ತೆ ಅನ್ನೋ ವಿಚಿತ್ರ ಕಲ್ಪನೆ ಅದರದ್ದು. ಕಿರುಚಲಾಗದ ಒಬ್ಬ ಮೂಕ ಹೆಂಗಸು ಅದರಲ್ಲಿದ್ದಾಳೆ, ಅವಳದ್ದೊಂದು ಮೂಕಿ ಚಿತ್ರಗಳ ಟಾಕೀಸು ಇದೆ. ಆ ಟಾಕೀಸಿನ ಪರದೆ ಮೇಲೆ ಓಡುತ್ತಿರುವ ಸಿನಿಮಾ ಯಾವುದು ಗೊತ್ತಾ? ಇದೇ ‘ಟಾಲಬಲ್ ಡೇವಿಡ್’. ಕ್ಯಾಸಲ್ ಇದನ್ನ ಯೋಚಿಸಿ ಆರಿಸಿದನೋ ಇಲ್ಲವೋ, ಆಯ್ಕೆ ಮಾತ್ರ ಸರಿಯಾಗಿದೆ. ಡೇವಿಡ್‌ನ ಕಷ್ಟವೂ ಅದೇ. ಹೆದರಿಕೆ ಬೆನ್ನಲ್ಲಿ ಕೂತಿದೆ, ಕಿರುಚುವ ಹಾಗಿಲ್ಲ.

ಸಿನಿಮಾ ನೋಡುವಾಗ ನನಗೆ ಮತ್ತೆ ಮತ್ತೆ ನೆನಪಾದವನು ಉತ್ತರಕುಮಾರ. ‘ಉತ್ತರನ ಪೌರುಷ ಒಲೆ ಮುಂದೆ’ ಅನ್ನೋ ಗಾದೆ ಮಾಡಿ ಅವನನ್ನ ನಾವು ಶಾಶ್ವತವಾಗಿ ನಗೆಪಾಟಲು ಮಾಡಿಬಿಟ್ಟಿದ್ದೇವೆ. ತಾಳಮದ್ದಳೆಯಲ್ಲಿ ಉತ್ತರ ಬಂದರೆ ಸಭೆ ಮೊದಲೇ ನಗೋಕೆ ಶುರು ಮಾಡುತ್ತದೆ. ಹೆಂಗಸರ ಮುಂದೆ ಕೊಚ್ಚಿಕೊಂಡು ಹೊರಟವನು ಕೌರವರ ಸೈನ್ಯ ಕಂಡ ಕೂಡಲೇ ರಥದಿಂದ ಹಾರಿ ಓಡ್ತಾನೆ, ಬೃಹನ್ನಳೆ ಅಟ್ಟಿಸಿಕೊಂಡು ಹೋಗಿ ಹಿಡಿದು ತರ್ತಾಳೆ. ಚಿಕ್ಕವನಿದ್ದಾಗ ನಾನೂ ಬಿದ್ದು ಬಿದ್ದು ನಕ್ಕಿದ್ದೇನೆ. ಆದರೆ ಆಮೇಲೆ ಏನಾಯ್ತು ಅನ್ನೋದನ್ನ ಗಾದೆ ಹೇಳಲ್ಲ. ಆಮೇಲೆ ಉತ್ತರ ಓಡಲಿಲ್ಲ. ಅರ್ಜುನ ಬಿಲ್ಲು ಹಿಡಿದ, ಉತ್ತರ ಲಗಾಮು ಹಿಡಿದ. ಯಾವ ಸೈನ್ಯ ಕಂಡು ಓಡಿದ್ದನೋ ಅದರ ನಡುವೆಯೇ ರಥ ನಡೆಸಿದ. ಭೀಷ್ಮ, ದ್ರೋಣ, ಕರ್ಣರ ಬಾಣಗಳು ಬರುತ್ತಿರುವಾಗ ಕುದುರೆಗಳನ್ನ ಹಿಡಿತದಲ್ಲಿಡೋದು ಸಣ್ಣ ಕೆಲಸವೇ? ಶೌರ್ಯ ತೋರಿಸು ಅಂದಾಗ ಆಗದವನಿಗೆ ಒಂದು ಕೆಲಸ ಒಪ್ಪಿಸಿದಾಗ ಆಯ್ತು.

ಡೇವಿಡ್ ಕೂಡ ಲಗಾಮಿನಿಂದಲೇ ಬದುಕ್ತಾನೆ. ಅಪ್ಪ ಸತ್ತ ಮೇಲೆ ಜಮೀನು ಬಿಡಿಸಿ ಕುಟುಂಬವನ್ನ ಹೊರಗೆ ಹಾಕ್ತಾರೆ. ಊರೊಳಗೆ ಒಂದು ಸಣ್ಣ ಮನೆ ಹಿಡಿದು, ಡೇವಿಡ್ ಅಂಗಡಿಯಲ್ಲಿ ಕೆಲಸಕ್ಕೆ ಸೇರ್ತಾನೆ. ಅಣ್ಣನ ಗಾಡಿ ಕೆಲಸ ನನಗೆ ಕೊಡಿ ಅಂತ ಕೇಳಿದರೆ ನೀನಿನ್ನೂ ಚಿಕ್ಕವನು ಅಂತಾರೆ. ಮತ್ತೆ ಅದೇ ‘ಪರವಾಗಿಲ್ಲ’. ಕೊನೆಗೊಂದು ದಿನ ಗಾಡಿ ಹೊಡೆಯುವವನು ಕುಡಿದು ಕೆಲಸ ಕಳಕೊಂಡಾಗ, ಬೇರೆ ಯಾರೂ ಇಲ್ಲದ್ದಕ್ಕೆ, ಲಗಾಮು ಇವನ ಕೈಗೆ ಬರುತ್ತದೆ. ದಾರಿ ಹೋಗುವುದು ಹ್ಯಾಟ್‌ಬರ್ನ್‌ಗಳ ಮನೆ ಪಕ್ಕದಲ್ಲೇ. ಅಲ್ಲಿ ಟಪಾಲು ಚೀಲ ಗಾಡಿಯಿಂದ ಬಿದ್ದುಹೋಗಿ ಲ್ಯೂಕ್ ಕೈಗೆ ಸಿಗುತ್ತದೆ. ಡೇವಿಡ್ ವಾಪಸ್ ಹೋಗಿ ಆ ಮನೆ ಬಾಗಿಲಲ್ಲಿ ನಿಲ್ತಾನೆ.

ನಿಂತು ಏನು ಕೇಳ್ತಾನೆ? ನನ್ನ ಅಣ್ಣನ ಗತಿ ಹೀಗೆ ಮಾಡಿದಿರಲ್ಲ ಅಂತ ಕೇಳಲ್ಲ. ನನ್ನ ಅಪ್ಪ, ನನ್ನ ನಾಯಿ ಅನ್ನಲ್ಲ. ಟಪಾಲು ಚೀಲ ಕೊಡಿ ಅಂತಾನೆ. ನನಗೆ ಮೈ ಜುಮ್ಮೆಂದದ್ದು ಇಲ್ಲಿ. ತನ್ನ ಮಾನಕ್ಕೋಸ್ಕರ ಬರಲಾಗದವನು ಊರವರ ಕಾಗದಗಳಿಗೋಸ್ಕರ ಬಂದಿದ್ದಾನೆ. ಚೀಲದಲ್ಲಿ ಇವನಿಗೆ ಸೇರಿದ ಒಂದು ಚೂರೂ ಇಲ್ಲ.

ನಮ್ಮೂರಿಗೆ ಮಧ್ಯಾಹ್ನದ ಬಸ್ಸಿನಲ್ಲಿ ಟಪಾಲು ಚೀಲ ಬರುತ್ತಿತ್ತು. ಕಂಡಕ್ಟರ್ ಅದನ್ನ ಇಳಿಸಿಕೊಡ್ತಿದ್ದ, ಪೋಸ್ಟ್ ಮಾಸ್ಟರ್ ಬಾಯಿಗೆ ಹಾಕಿದ ಅರಗಿನ ಸೀಲು ನೋಡಿ ತಗೋತಿದ್ದರು. ಪೋಸ್ಟಾಫೀಸು ಅಂದರೆ ಅವರ ಮನೆ ಜಗಲಿಯೇ. ಅದರಲ್ಲಿ ಇರ್ತಿದ್ದದ್ದು ನಾಲ್ಕು ಇನ್‌ಲ್ಯಾಂಡ್ ಲೆಟರು, ಯಾರದೋ ಮನಿಯಾರ್ಡರು. ಆದರೂ ಆ ಚೀಲವನ್ನ ಮಕ್ಕಳು ಮುಟ್ಟುವ ಹಾಗಿರಲಿಲ್ಲ, ‘ಸರ್ಕಾರದ್ದು’ ಅಂತ ಗದರಿಸ್ತಿದ್ದರು. ಹಾಗಾಗಿ ಡೇವಿಡ್ ಪ್ರಾಣ ಒತ್ತೆಯಿಟ್ಟು ಒಂದು ಚೀಲ ಕೇಳೋದು ನನಗೆ ಹುಚ್ಚಾಟ ಅನ್ನಿಸಲೇ ಇಲ್ಲ.

ಮುಂದಿನದ್ದು ನೀವು ಊಹಿಸಬಲ್ಲಿರಿ. ತೋಳಿಗೆ ಗುಂಡು ಬೀಳುತ್ತದೆ, ಇವನೂ ಗುಂಡು ಹಾರಿಸ್ತಾನೆ. ಲ್ಯೂಕ್ ಜೊತೆ ಮನೆಯೊಳಗೆ ಭಯಂಕರ ಹೊಡೆದಾಟ. ಅತ್ತ ಎಸ್ತರ್ ಓಡಿಹೋಗಿ ಡೇವಿಡ್ ಸತ್ತ ಅಂತ ಊರಿಗೆ ಸುದ್ದಿ ಮುಟ್ಟಿಸ್ತಾಳೆ. ಜನ ಸೇರಿ ಹೊರಡಬೇಕು ಅನ್ನುವಷ್ಟರಲ್ಲಿ ಗಾಡಿ ಬರುತ್ತದೆ. ರಕ್ತ ಸುರಿಸಿಕೊಂಡು ಡೇವಿಡ್ ಬಂದಿದ್ದಾನೆ, ಟಪಾಲು ಚೀಲ ತಂದಿದ್ದಾನೆ. ಆಮೇಲೆ ಕುಸಿದು ಬೀಳ್ತಾನೆ.

ಲ್ಯೂಕ್ ಪಾತ್ರದ ಅರ್ನೆಸ್ಟ್ ಟೊರೆನ್ಸ್ ಬಗ್ಗೆ ಹೇಳದಿದ್ದರೆ ತಪ್ಪಾಗುತ್ತದೆ. ಸ್ಕಾಟ್ಲೆಂಡಿನ ಎಡಿನ್‌ಬರೋದಲ್ಲಿ ಹುಟ್ಟಿ ಸಂಗೀತ ಕಲಿತು ಒಪೆರಾ ಹಾಡಿದ್ದವನು. ದನಿಯೇ ಬಂಡವಾಳವಾಗಿದ್ದ ಮನುಷ್ಯ ದನಿಯಿಲ್ಲದ ಸಿನಿಮಾಕ್ಕೆ ಬಂದು ಬರೀ ಮೈಯಿಂದ ಹೆದರಿಸ್ತಾನೆ. ರಷ್ಯಾದ ನಿರ್ದೇಶಕ ಪುಡೋವ್‌ಕಿನ್ ಸಿನಿಮಾ ತಂತ್ರದ ಬಗ್ಗೆ ಬರೆದ ಪುಸ್ತಕದಲ್ಲಿ ಈ ಚಿತ್ರದ ಒಂದು ಚಿಕ್ಕ ಸಂಗತಿಯನ್ನ ಉದಾಹರಣೆಯಾಗಿ ಕೊಡ್ತಾನೆ. ಪುಂಡರಲ್ಲೊಬ್ಬ ಮನೆಯೊಳಗೆ ಹೋಗುವವನು ಬಿಸಿಲಿಗೆ ಮಲಗಿದ ಬೆಕ್ಕಿನ ಮರಿ ನೋಡಿ ನಿಲ್ತಾನೆ, ದೊಡ್ಡ ಕಲ್ಲೊಂದನ್ನ ಎತ್ತುತ್ತಾನೆ. ಸಾಮಾನು ಹೊತ್ತು ಬರುತ್ತಿದ್ದ ಜೊತೆಯವನು ತಗುಲಿದ್ದರಿಂದ ಮರಿ ಉಳೀತು. ಇವನು ಎಂಥವನು ಅಂತ ಒಂದು ಅಕ್ಷರವೂ ಇಲ್ಲದೆ ಗೊತ್ತಾಯ್ತಲ್ಲ, ಪಾತ್ರ ಕಟ್ಟೋದು ಅಂದರೆ ಇದು ಅಂತ ಪುಡೋವ್‌ಕಿನ್ ಮೆಚ್ಚಿಕೊಳ್ತಾನೆ. ನಾನು ಅದಕ್ಕೆ ಒಂದು ಮಾತು ಸೇರಿಸ್ತೀನಿ. ಡೇವಿಡ್ ಅನ್ನೋ ಹೆಸರು ಬಂದಿದ್ದು ಬೈಬಲ್ಲಿನಿಂದ, ಅಲ್ಲಿ ಕುರಿ ಕಾಯುವ ಹುಡುಗ ಡೇವಿಡ್ ಒಂದು ಕಲ್ಲಿನಿಂದ ದೈತ್ಯ ಗೋಲಿಯತನನ್ನ ಉರುಳಿಸ್ತಾನೆ. ಈ ಸಿನಿಮಾದಲ್ಲಿ ಕಲ್ಲು ದೈತ್ಯನ ಕೈಗೆ ಹೋಗಿದೆ. ಹುಡುಗನಿಗೆ ಪುರಾಣದ ಹೆಸರು ಸಿಕ್ಕಿತು, ಪುರಾಣದ ಆಯುಧ ಸಿಗಲಿಲ್ಲ.

ಇಷ್ಟು ಮೆಚ್ಚಿಕೊಂಡ ಮೇಲೆ ತಕರಾರುಗಳನ್ನೂ ಹೇಳಬೇಕು.

ಮೊದಲನೇದು, ಈ ಕಣಿವೆಯಲ್ಲಿ ಕೆಟ್ಟದ್ದೆಲ್ಲ ಹೊರಗಿನಿಂದ ಬರುತ್ತದೆ. ಹ್ಯಾಟ್‌ಬರ್ನ್‌ಗಳು ಬರುವ ತನಕ ಊರು ಹಾಲಿನಂತೆ ಇತ್ತು ಅನ್ನೋ ಹಾಗೆ ತೋರಿಸ್ತಾರೆ. ಹಳ್ಳಿ ಬಿಟ್ಟು ಹೋದವನು ಹಳ್ಳಿಯನ್ನ ನೆನೆಸಿಕೊಳ್ಳುವ ರೀತಿ ಇದು. ನಾನೂ ಬೆಂಗಳೂರಿನ ಫ್ಲ್ಯಾಟಿನಲ್ಲಿ ಕೂತು ಹಾಗೇ ನೆನೆಸ್ತೀನಿ, ಅದಕ್ಕೇ ಅದು ಸುಳ್ಳು ಅಂತ ಗೊತ್ತು. ಹ್ಯಾಟ್‌ಬರ್ನ್‌ಗಳಿಗೆ ರಕ್ತದಲ್ಲೇ ಕೇಡು ಅನ್ನೋ ಹಾಗೆ ಮಾಡಿದ್ದು ಕೂಡ ಸುಲಭದ ದಾರಿ. ಗುಡ್ಡಗಾಡಿನ ಬಡವರು ಅಂದರೆ ಗಡ್ಡ, ಹೊಲಸು, ಬಂದೂಕು ಅನ್ನುವ ಅಮೆರಿಕನ್ ಸಿನಿಮಾದ ಚಾಳಿಗೆ ಇದೂ ಒಂದು ಕೈ ಸೇರಿಸಿದೆ.

ಎರಡನೇದು ಇನ್ನೂ ದೊಡ್ಡದು. ಅಪ್ಪ ಸತ್ತು ಅಣ್ಣ ಹಾಸಿಗೆ ಹಿಡಿದ ಹೊತ್ತಿನಲ್ಲಿ ಇವರನ್ನ ಜಮೀನಿನಿಂದ ಎಬ್ಬಿಸಿದರಲ್ಲ, ಅದು ಅನ್ಯಾಯ ಅಂತ ಸಿನಿಮಾಕ್ಕೆ ಅನ್ನಿಸುವುದೇ ಇಲ್ಲ. ಮಳೆ ಬಂತು ಅನ್ನುವ ಹಾಗೆ ದಾಟಿಸಿಬಿಡುತ್ತದೆ. ಲ್ಯೂಕ್‌ಗೆ ಮುಖ ಇದೆ, ಕೈಯಲ್ಲಿ ಕಲ್ಲಿದೆ, ಅವನನ್ನ ಹೊಡೆಯಬಹುದು. ಒಕ್ಕಲೆಬ್ಬಿಸಿದವನ ಎದುರು ಡೇವಿಡ್ ಏನು ಮಾಡಬೇಕು? ನಾನು ಹುಟ್ಟಿದ್ದು ಸಾಗರದ ಕಡೆ. 1951ರಲ್ಲಿ ಕಾಗೋಡಿನ ಗೇಣಿ ರೈತರು ಧಣಿಗಳ ಎದುರು ನಿಂತ ಸೀಮೆ ಅದು. ಗೇಣಿ ಅಂದರೇನು, ಬಿಡಿಸೋದು ಅಂದರೇನು ಅಂತ ನಮ್ಮ ಅಜ್ಜಂದಿರ ಬಾಯಲ್ಲಿ ಕೇಳಿ ಬೆಳೆದವರಿಗೆ ಈ ಜಾಗದಲ್ಲಿ ಸಿನಿಮಾ ತಟಕ್ಕನೆ ಸಣ್ಣದಾಗಿ ಕಾಣುತ್ತದೆ.

ಮೂರನೇದು, ಚೀಲ ಬೀಳಬೇಕಾದರೆ ಸರಿಯಾಗಿ ಶತ್ರುವಿನ ಮನೆ ಹತ್ತಿರವೇ ಬೀಳಬೇಕೆ? ಅಲ್ಲಿ ಬಿದ್ದದ್ದರಿಂದ ಕರ್ತವ್ಯವೂ ಆಯ್ತು, ಸೇಡೂ ತೀರಿತು. ಡೇವಿಡ್ ಎರಡರಲ್ಲಿ ಒಂದನ್ನ ಆರಿಸುವ ಕಷ್ಟ ಬರಲೇ ಇಲ್ಲ. ಚೀಲ ಇನ್ನೆಲ್ಲೋ ಬಿದ್ದು ಯಾರೋ ಒಳ್ಳೆಯವರಿಗೆ ಸಿಕ್ಕಿದ್ದರೆ? ಅವನು ಹ್ಯಾಟ್‌ಬರ್ನ್‌ಗಳ ಮನೆ ಮುಂದೆ ದಿನಾ ಗಾಡಿ ಹೊಡೆದುಕೊಂಡು ಹೋಗ್ತಿದ್ದ, ಅವರು ನಗ್ತಿದ್ದರು, ಇವನು ಲಗಾಮು ಬಿಗಿ ಹಿಡಿದು ಮುಂದೆ ನೋಡ್ತಿದ್ದ. ಆಗ ಅವನ ಮಾನ ಹೋದ ಹಾಗೋ, ಉಳಿದ ಹಾಗೋ?

ಈ ಪ್ರಶ್ನೆ ನನಗೆ ಸಿನಿಮಾದಿಂದ ಹುಟ್ಟಿದ್ದಲ್ಲ. ಆದ್ದರಿಂದ ಇದೊಂದನ್ನ ಹೇಳಲೇಬೇಕು.

ನಾನು ಏಳನೇ ಕ್ಲಾಸಿನಲ್ಲಿದ್ದಾಗ ನಮ್ಮ ತೋಟದ ಬೇಲಿ ವಿಷಯಕ್ಕೆ ಪಕ್ಕದವರ ಜೊತೆ ಜಗಳವಾಯ್ತು. ಅವರು ಬೇಲಿ ಒಳಗೆ ತಳ್ಳಿದ್ದರು, ಕೇಳೋಕೆ ಹೋದ ಚಿಕ್ಕಪ್ಪನಿಗೆ ಹೊಡೆದು ಕೈ ಮುರಿದರು. ಸಂಜೆ ಸುದ್ದಿ ಬಂದಾಗ ಅಪ್ಪಯ್ಯ ಮಾತಾಡದೆ ಒಳಗೆ ಹೋಗಿ ಮಾಡಿಗೆ ಸಿಕ್ಕಿಸಿದ್ದ ಕತ್ತಿ ತಗೊಂಡರು. ಅಜ್ಜಿ ಹೊಸ್ತಿಲ ಮೇಲೆ ಕೂತುಬಿಟ್ಟಳು. “ಹೋಗುದಾದ್ರೆ ನನ್ನ ದಾಟ್ಕಂಡು ಹೋಗು” ಅಂದಳು. ಅಪ್ಪಯ್ಯ ನಿಂತರು. ಎಷ್ಟು ಹೊತ್ತು ಅಂತ ನೆನಪಿಲ್ಲ. ಆಮೇಲೆ ಕತ್ತಿಯನ್ನ ಇದ್ದ ಜಾಗದಲ್ಲೇ ಸಿಕ್ಕಿಸಿ ಹಟ್ಟಿ ಕಡೆ ಹೋದರು. ಶಾಲೆಯಲ್ಲಿ ಹುಡುಗರು ‘ನಿನ್ನಪ್ಪಯ್ಯ ಪುಕ್ಕಲ’ ಅಂತ ಹೇಳೋಕೆ ಎರಡು ದಿನವೂ ಬೇಕಾಗಲಿಲ್ಲ. ನಾನು ಅವರ ಜೊತೆ ಹೊಡೆದಾಡಲಿಲ್ಲ, ಯಾಕಂದರೆ ನನಗೂ ಹಾಗೇ ಅನ್ನಿಸಿತ್ತು. ಎಷ್ಟೋ ವರ್ಷ ಅನ್ನಿಸ್ತಾ ಇತ್ತು. ಬಿಇ ಮುಗಿಸಿ ಕೆಲಸಕ್ಕೆ ಸೇರಿ ಊರು ಬಿಟ್ಟ ಮೇಲೂ, ಯಾರಾದರೂ ಅಪ್ಪನ ಧೈರ್ಯದ ಕಥೆ ಹೇಳಿದರೆ ನಾನು ಎದ್ದು ಹೋಗ್ತಿದ್ದೆ.

ನಮ್ಮ ಮನೆಯಿಂದ ರಸ್ತೆಗೆ ಬರಲು ಇದ್ದದ್ದು ಒಂದೇ ದಾರಿ, ಅದು ಆ ಪಕ್ಕದವರ ಅಂಗಳದ ಕೆಳಗೇ ಹೋಗ್ತಿತ್ತು. ಅಪ್ಪಯ್ಯ ಮಾರನೇ ದಿನ ಬೆಳಿಗ್ಗೆ ಹಾಲಿನ ಕ್ಯಾನು ಹಿಡಿದು ಅದೇ ದಾರಿಯಲ್ಲಿ ಡೈರಿಗೆ ಹೋದರು. ಅವರ ಜಗಲಿಯಿಂದ ಯಾರೋ ಕೆಮ್ಮಿ ನಕ್ಕಿದ್ದು ಹಿಂದೆ ನಡೆಯುತ್ತಿದ್ದ ನನಗೆ ಕೇಳಿಸ್ತು. ಅಪ್ಪಯ್ಯ ತಲೆ ಎತ್ತಲೂ ಇಲ್ಲ, ತಗ್ಗಿಸಲೂ ಇಲ್ಲ. ಅದರ ಮಾರನೇ ದಿನವೂ ಹೋದರು. ಸರ್ವೆಯವರನ್ನ ಕರೆಸಲು ತಾಲ್ಲೂಕು ಆಫೀಸಿಗೆ ಅಲೆದಿದ್ದೂ ಅದೇ ದಾರಿಯಲ್ಲಿ. ಹಲವು ವರ್ಷ ಅಲೆದ ಮೇಲೆ ಬೇಲಿ ಅರ್ಧ ಹಿಂದೆ ಸರೀತು, ಅರ್ಧ ಅಲ್ಲೇ ಉಳೀತು. ಊರಿನವರ ಲೆಕ್ಕದಲ್ಲಿ ಅದು ಗೆಲುವಲ್ಲ.

ಡೇವಿಡ್‌ನ ಅಮ್ಮ ಅವನ ಕಾಲು ಹಿಡಿದ ದೃಶ್ಯದಲ್ಲಿ ನನಗೆ ಕಂಡದ್ದು ನಮ್ಮ ಹೊಸ್ತಿಲು. ಅಂದು ನಾನು ಅಪ್ಪಯ್ಯನ ಕೈಯಲ್ಲಿದ್ದ ಕತ್ತಿಯನ್ನ ಮಾತ್ರ ನೋಡ್ತಾ ನಿಂತಿದ್ದೆ. ಅವರ ಮುಖ ನೋಡಿರಲಿಲ್ಲ. ಬಾರ್ತೆಲ್ಮೆಸ್‌ನ ಮುಖ ನೋಡುವಾಗ, ಇದು ಅವತ್ತು ನಮ್ಮ ಮನೆಯಲ್ಲೇ ಇತ್ತು, ನಾನು ನೋಡಲಿಲ್ಲ ಅನ್ನಿಸಿತು. ಈ ಚಿತ್ರದ ದೊಡ್ಡಸ್ತಿಕೆ ಅಂತ ನಾನು ಅಂದುಕೊಳ್ಳೋದು ಇದನ್ನೇ. ಕೊನೆಯ ಹೊಡೆದಾಟ ಗೆದ್ದವನನ್ನ ಮೆರೆಸುತ್ತದೆ, ಸರಿ. ಅದಕ್ಕೂ ಮುಂಚೆ, ಹೋಗದೇ ನಿಂತವನ ಮುಖದ ಮೇಲೆ ಕ್ಯಾಮೆರಾ ಇಟ್ಟು, ನಗದೆ, ಬೈಯದೆ ಕಾಯುತ್ತದೆ. ಉತ್ತರನಿಗೆ ನಾವು ಅಷ್ಟು ಮರ್ಯಾದೆ ಕೊಡಲಿಲ್ಲ.

ಮತ್ತು ಅದರ ಸೋಲೂ ಇಲ್ಲಿಂದಲೇ ಕಾಣುತ್ತದೆ. ಆ ನಿಂತ ಹುಡುಗನಿಗೆ ಮಾನ ವಾಪಸ್ ಕೊಡಬೇಕಾದರೆ ಚಿತ್ರಕ್ಕೆ ಹೆಣಗಳು ಬೇಕಾದವು. ಹೆಣ ಬೀಳದಿದ್ದರೆ ಊರು ಅವನನ್ನ ಒಪ್ಪುತ್ತಿತ್ತೋ ಇಲ್ಲವೋ ಅನ್ನೋದನ್ನ ಕೇಳುವ ಧೈರ್ಯ 1921ರ ಸಿನಿಮಾಕ್ಕೆ ಇರಲಿಲ್ಲ. ನಮ್ಮ ಇವತ್ತಿನ ಸಿನಿಮಾಗಳಿಗೂ ಇದೆ ಅಂತ ನನಗೇನೂ ಅನ್ನಿಸಲ್ಲ.

ಅಮೆರಿಕದವರು ಈ ಚಿತ್ರವನ್ನ ಮರೆತಿಲ್ಲ. 1930ರಲ್ಲಿ ಮಾತು ಸೇರಿಸಿ ಮತ್ತೊಮ್ಮೆ ತೆಗೆದರು. 2007ರಲ್ಲಿ ಮೂಲ ಚಿತ್ರವನ್ನ ತಮ್ಮ ರಾಷ್ಟ್ರೀಯ ಚಲನಚಿತ್ರ ಪಟ್ಟಿಗೆ ಸೇರಿಸಿ ಕಾಪಾಡಬೇಕಾದ ಆಸ್ತಿ ಅಂದರು. ನೀವು ನೋಡುವುದಾದರೆ ಮೂಕಿಯನ್ನೇ ನೋಡಿ. ಮೊದಲ ಹದಿನೈದು ನಿಮಿಷ ನಿಧಾನ ಅನ್ನಿಸುತ್ತದೆ, ಕೈ ಮೊಬೈಲ್ ಕಡೆ ಹೋಗುತ್ತದೆ. ತಡ್ಕೊಳ್ಳಿ. ಟೈಟಲ್ ಕಾರ್ಡು ಓದುವ ಅಭ್ಯಾಸ ಬೇಗ ಆಗುತ್ತದೆ, ಆಮೇಲೆ ಮಾತು ಬೇಕು ಅಂತಲೇ ಅನ್ನಿಸಲ್ಲ.

ಕಳೆದ ಸಲ ಊರಿಗೆ ಹೋದಾಗ ಲ್ಯಾಪ್‌ಟಾಪಿನಲ್ಲಿ ಅಪ್ಪಯ್ಯನಿಗೆ ಇದನ್ನ ತೋರಿಸಿದೆ. ಯಾಕೆ ತೋರಿಸ್ತಿದ್ದೀನಿ ಅಂತ ಹೇಳಲಿಲ್ಲ, ಹೇಳೋಕೆ ಬರಲೂ ಇಲ್ಲ. ಟೈಟಲ್ ಕಾರ್ಡು ಬಂದಾಗೆಲ್ಲ ನಾನು ಕನ್ನಡದಲ್ಲಿ ಹೇಳ್ತಾ ಹೋದೆ. ಕುದುರೆ ಚೆನ್ನಾಗಿದ್ದಾವೆ ಅಂದರು. ಬೇಲಿ ಹಾಕಿದ ಕ್ರಮ ನೋಡಿ, ಇದಕ್ಕೆ ಮರ ಬಹಳ ಬೇಕು ಮಾರಾಯ ಅಂದರು. ಅಮ್ಮ ಕಾಲು ಹಿಡಿಯುವಾಗ ಏನೂ ಅನ್ನಲಿಲ್ಲ. ನಾನು ಪರದೆ ಬಿಟ್ಟು ಅವರ ಮುಖ ನೋಡಿದೆ. ಕವಳ ಅಗಿಯೋದು ನಿಂತಿತ್ತು.

ಸಿನಿಮಾ ಮುಗಿದ ಮೇಲೆ ಸ್ವಲ್ಪ ಹೊತ್ತು ಸುಮ್ಮನಿದ್ದು ಕೇಳಿದರು: “ಆ ಹುಡುಗ ಹುಷಾರಾದ್ಮೇಲೆ ಗಾಡಿ ಕೆಲಸ ಅವನಿಗೇ ಕೊಟ್ರಾ?”

“ಕೊಟ್ಟಿರ್ಬೇಕು ಅಪ್ಪಯ್ಯ” ಅಂದೆ.

“ಹ್ಞಾಂ, ಕೊಡ್ಬೇಕು. ದಿನಾ ಹೋಗ್ಬೇಕಲ್ಲ ಆ ದಾರೀಲಿ” ಅಂದವರು ಎದ್ದು ಕೊಟ್ಟಿಗೆ ಕಡೆ ಹೋದರು.